ಕುಂಗ್‌ಫು ಸಿನಿಮಾಕ್ಕೆ ವೊವಿಯೊ

ನಾನು ಚೀನೀ ಹೊಡೆದಾಟದ ಸಿನಿಮಾಗಳಿಗೆ ಸಂಗೀತ ಮಾಡುತ್ತೇನೆ ಎಂದರೆ ಸಿಡ್ನಿಯ ನಮ್ಮವರು ಮೊದಲು ನಗುತ್ತಾರೆ, ಆಮೇಲೆ ನನ್ನ ಗಂಡನ ಮುಖ ನೋಡುತ್ತಾರೆ. ಗಂಡ ಹೌದೆಂದು ತಲೆಯಾಡಿಸಿದ ಮೇಲೆ ಅರ್ಧ ನಂಬುತ್ತಾರೆ. ನಂಬದವರ ತಪ್ಪೂ ಇಲ್ಲ. ವಾರವಿಡೀ ನಾನು ನಾರ್ವೆಸ್ಟ್‌ನ ಒಂದು ಇನ್ಶೂರೆನ್ಸ್ ಆಫೀಸಿನಲ್ಲಿ ಕೂತು, ಆಲಿಕಲ್ಲು ಬಿದ್ದು ತಗ್ಗಾದ ಕಾರುಗಳ, ಪೈಪ್ ಒಡೆದು ನೆನೆದ ಕಾರ್ಪೆಟ್‌ಗಳ ಕ್ಲೈಮ್ ನೋಡುವವಳು. ಭಾನುವಾರ ಕ್ವೇಕರ್ಸ್ ಹಿಲ್‌ನ ನಮ್ಮ ಇಗರ್ಜಿಯಲ್ಲಿ ಆರ್ಗನ್ ನುಡಿಸುವವಳು. ಕುಂಗ್‌ಫುಗೂ ನನಗೂ ಇದ್ದ ಸಂಬಂಧವೆಂದರೆ, ಚಿಕ್ಕಂದಿನಲ್ಲಿ ಮಂಗಳೂರಿನ ಟಾಕೀಸೊಂದರಲ್ಲಿ ಅಣ್ಣನ ಜೊತೆ ನೋಡಿದ ಒಂದು ಸಿನಿಮಾ. ಅದರ ಅರ್ಧದಲ್ಲೇ ನನಗೆ ನಿದ್ದೆ ಬಂದಿತ್ತು.

ಆರ್ಗನ್ ನುಡಿಸುವವರಿಗೆ ಯಾರ ಕಣ್ಣಿಗೂ ಬೀಳದ ಒಂದು ಕೆಲಸವಿದೆ. ಸಮಯ ತುಂಬಿಸುವುದು. ಮದುಮಗಳು ಬಾಗಿಲಲ್ಲೇ ಗೌನಿನ ಅಂಚು ತುಳಿದು ನಿಂತುಬಿಡುತ್ತಾಳೆ. ಪಾದ್ರಿಗಳು ಧೂಪದ ಪಾತ್ರೆ ಹುಡುಕುತ್ತಾ ಒಳಗೆ ಹೋದವರು ಬರುವುದೇ ಇಲ್ಲ. ಅಷ್ಟು ಹೊತ್ತೂ ಹಾಡನ್ನು ಎಳೆಯುತ್ತಿರಬೇಕು. ಅವರು ತಮ್ಮ ಜಾಗಕ್ಕೆ ಬಂದ ಕೂಡಲೇ, ಹಾಡು ಇದ್ದದ್ದೇ ಅಷ್ಟು ಎಂಬಂತೆ ಮುಗಿಸಬೇಕು. ಅದಕ್ಕೆಂದೇ ಆರ್ಗನ್ ಮೇಲೆ ಒಂದು ಸಣ್ಣ ಕನ್ನಡಿ ಇಟ್ಟುಕೊಂಡಿದ್ದೇನೆ. ಅದರಲ್ಲಿ ನಾನು ನೋಡುವುದು ಜನರ ಕಾಲುಗಳನ್ನು. ಯಾರು ಎಲ್ಲಿ ನಿಲ್ಲುತ್ತಾರೆ, ಯಾರು ಅವಸರ ಮಾಡುತ್ತಾರೆ ಎಂಬುದನ್ನು ಮುಖಕ್ಕಿಂತ ಮೊದಲು ಕಾಲು ಹೇಳುತ್ತದೆ.

ಎಲ್ಲ ಶುರುವಾದದ್ದು ಒಂದು ಮರಣದ ಪೂಜೆಯಲ್ಲಿ. ನಮ್ಮ ಇಗರ್ಜಿಗೆ ಬರುತ್ತಿದ್ದ ಹಾಂಗ್‌ಕಾಂಗ್ ಮೂಲದ ಒಬ್ಬ ಅಜ್ಜಿ ತೀರಿಕೊಂಡಿದ್ದರು. ತುಂಬಿದ ವಯಸ್ಸು, ಒಳ್ಳೆಯ ಸಾವು. ಶವಪೆಟ್ಟಿಗೆ ಒಳಗೆ ಬರುವಾಗ ಅದನ್ನಿಟ್ಟ ಟ್ರಾಲಿಯ ಒಂದು ಚಕ್ರ ಕಾರ್ಪೆಟ್ಟಿನ ಅಂಚಿಗೆ ಸಿಕ್ಕಿಹಾಕಿಕೊಂಡಿತು. ಅಜ್ಜಿಯ ತಮ್ಮಂದಿರ ಮಕ್ಕಳು ಎತ್ತಿ ನೋಡಿದರು, ತಳ್ಳಿ ನೋಡಿದರು, ಕೊನೆಗೆ ಪಿಸುದನಿಯಲ್ಲಿ ಜಗಳಕ್ಕೇ ನಿಂತರು. ಪುಸ್ತಕದಲ್ಲಿದ್ದ ಹಾಡು ಮುಗಿದೇಹೋಯಿತು. ನಾನು ನಿಲ್ಲಿಸಲಿಲ್ಲ. ಕೈಗೆ ಬಂದದ್ದು ನುಡಿಸುತ್ತಾ ಹೋದೆ. ನಡುವೆ, ಅಮ್ಮ ಅಡುಗೆಮನೆಯಲ್ಲಿ ಗುನುಗುವ ಒಂದು ಕೊಂಕಣಿ ರಾಗವೂ ನುಸುಳಿತು. ಚಕ್ರ ಬಿಡಿಸಿಕೊಂಡಾಗ ಸ್ವರ ಸ್ವಲ್ಪ ಏರಿತು, ಪೆಟ್ಟಿಗೆ ಪೀಠದ ಮುಂದೆ ನಿಂತಾಗ ಇಳಿದು ನಿಂತಿತು.

ಪೂಜೆ ಮುಗಿದು ಹಾಲ್‌ನಲ್ಲಿ ಚಹಾ ಕುಡಿಯುತ್ತಿರುವಾಗ ಕಪ್ಪು ಕೋಟಿನ ಹೆಂಗಸೊಬ್ಬಳು ಹತ್ತಿರ ಬಂದಳು. ನನಗಿಂತ ಸ್ವಲ್ಪ ಚಿಕ್ಕವಳು. ಅಜ್ಜಿ ಅವಳ ಸೋದರತ್ತೆಯಂತೆ, ಅವಳು ಬಂದದ್ದು ಮೆಲ್ಬರ್ನ್‌ನಿಂದ.

"ಆ ಮ್ಯೂಸಿಕ್ ಯಾರದು?" ಎಂದು ಇಂಗ್ಲಿಷಿನಲ್ಲಿ ಕೇಳಿದಳು.

"ಯಾರದ್ದೂ ಅಲ್ಲ. ಟ್ರಾಲಿ ಸಿಕ್ಕಿಹಾಕಿಕೊಂಡಿತ್ತಲ್ಲ, ಅಲ್ಲಿವರೆಗೆ ಏನೋ ನುಡಿಸಿದೆ."

"ಗೊತ್ತಾಯ್ತು. ನೀವು ನನ್ನ ಕಸಿನ್‌ಗಳ ಕಾಲು ನೋಡ್ತಾ ಇದ್ರಿ. ನಾನು ನಿಮ್ಮನ್ನ ನೋಡ್ತಾ ಇದ್ದೆ."

ಅವಳು ಸಿನಿಮಾ ನಿರ್ದೇಶಕಿ. ಕ್ಯಾಂಟೊನೀಸ್ ಭಾಷೆಯಲ್ಲಿ ಕುಂಗ್‌ಫು ಸಿನಿಮಾ ಮಾಡುತ್ತಾಳೆ, ಅದೂ ಮೆಲ್ಬರ್ನ್‌ನಲ್ಲಿ. ಒಂದು ಚಿತ್ರ ಅರ್ಧ ಆಗಿದೆ, ಸಂಗೀತಕ್ಕೆ ಯಾರೂ ಸರಿಹೊಂದಿಲ್ಲ ಎಂದಳು. ಕೈಯಲ್ಲಿದ್ದ ಎಗ್ ಟಾರ್ಟನ್ನು ಎರಡೇ ತುತ್ತಿಗೆ ತಿಂದು ನನ್ನ ಫೋನ್ ನಂಬರ್ ಬರೆದುಕೊಂಡಳು. ದುಃಖದಲ್ಲಿದ್ದಾಳೆ, ಏನೋ ಹೇಳುತ್ತಿದ್ದಾಳೆ ಎಂದುಕೊಂಡೆ. ಮುಂದಿನ ವಾರ ಆಫೀಸಿನ ಊಟದ ಹೊತ್ತಿಗೆ ಅವಳ ಫೋನ್ ಬಂತು. ಒಂದು ದೃಶ್ಯ ಕಳಿಸಿದ್ದೇನೆ, ಮನಸ್ಸಿಗೆ ಬಂದದ್ದು ಮಾಡಿ ನೋಡಿ ಎಂದಳು.

ನಾನು ಬಹಳ ಶ್ರದ್ಧೆಯಿಂದ ತಪ್ಪು ದಾರಿ ಹಿಡಿದೆ. ಕಂಪ್ಯೂಟರಿನಲ್ಲಿ ಚೀನೀ ವಾದ್ಯಗಳ ಧ್ವನಿಯೆಲ್ಲ ಸಿಗುತ್ತದೆ. ಎರಡು ತಂತಿಯ ಪಿಟೀಲು, ಬಿದಿರ ಕೊಳಲು, ದೊಡ್ಡ ಕಂಚಿನ ಜಾಗಟೆ. ಎಲ್ಲವನ್ನೂ ಹದವಾಗಿ ಸೇರಿಸಿ, ನಾನೇ ಮೆಚ್ಚಿಕೊಂಡು ಕಳಿಸಿದೆ. ಅವಳು ಕೇಳಿ ಫೋನ್ ಮಾಡಿದಳು.

"ಚೆನ್ನಾಗಿದೆ," ಎಂದಳು. "ಟೇಕ್‌ಅವೇಗೆ ಫೋನ್ ಮಾಡಿದಾಗ ಹೋಲ್ಡ್‌ನಲ್ಲಿ ಹಾಕ್ತಾರಲ್ಲ, ಹಾಗಿದೆ. ಚೈನೀಸ್ ಮ್ಯೂಸಿಕ್ ಬೇಕಿದ್ರೆ ಅದನ್ನ ಬದುಕಿನುದ್ದಕ್ಕೂ ನುಡಿಸಿದವರು ಮೆಲ್ಬರ್ನ್‌ನಲ್ಲಿ ಬೇಕಾದಷ್ಟು ಜನ ಇದ್ದಾರೆ. ನನಗೆ ಬೇಕಾದ್ದು ಅತ್ತೆಯ ಫ್ಯೂನರಲ್‌ನಲ್ಲಿ ನುಡಿಸಿದವರು."

ನನಗೆ ನಗು ಬಂತು, ನಾಚಿಕೆಯೂ ಆಯಿತು. ಅವತ್ತು ಸಂಜೆ ಆ ಫೈಲನ್ನೇ ಅಳಿಸಿಹಾಕಿದೆ.

ಹೊಸದಾಗಿ ಶುರು ಮಾಡಲು ಜಾಗ ಬೇಕಿತ್ತು. ಮನೆಯೊಳಗೆ ಟಿವಿ, ಮಿಕ್ಸಿ, ಅಮ್ಮನ ವಾಟ್ಸಾಪ್ ಕರೆಗಳು. ಅಮ್ಮ ನಮ್ಮ ಜೊತೆಗೇ ಇರುವವಳು. ಅಪ್ಪ ಹೋದ ಮೇಲೆ ಇಲ್ಲಿಗೆ ಬಂದು, ಬಸ್ಸು, ಲೈಬ್ರರಿ, ವಾಕಿಂಗ್ ಗೆಳತಿಯರು ಎಂದು ನನಗಿಂತ ಹೆಚ್ಚು ಸಿಡ್ನಿ ತಿಳಿದುಕೊಂಡವಳು. ಹಾಗಾಗಿ ಗ್ಯಾರೇಜಿನ ಅರ್ಧ ನಾನು ಹಿಡಿದೆ. ನನ್ನ ಗಂಡನೂ ಮಂಗಳೂರು ಕಡೆಯ ಕ್ರಿಶ್ಚಿಯನ್ನರೇ, ಆದರೆ ಬೆಳೆದದ್ದು ಬೆಂಗಳೂರಿನಲ್ಲಿ; ಅವರ ಕೊಂಕಣಿಗಿಂತ ಕನ್ನಡ ಗಟ್ಟಿ.

"ಅಲ್ಲ ಕಣೇ, ನನ್ ಕಾರ್ ಆಚೆ ನಿಲ್ಸಿದ್ರೆ ಆಲಿಕಲ್ಲು ಬಿದ್ದಾಗ ಏನ್ ಮಾಡ್ಲಿ?"

"ಕ್ಲೈಮ್ ಮಾಡಿ. ನಾನೇ ನೋಡ್ತೇನೆ."

"ನೀನು ರಿಜೆಕ್ಟ್ ಮಾಡ್ತೀಯ, ಗೊತ್ತು ನಂಗೆ," ಎಂದರು. ಆದರೂ ಕಾರು ಹೊರಗೆ ಹೋಯಿತು. ಕೀಬೋರ್ಡು, ಎರಡು ಮೈಕು, ಗೋಡೆಗೆ ಹಳೆಯ ರಜಾಯಿ ಬಂದವು.

ನನಗೆ ಬೇಕಾಗಿದ್ದದ್ದು ಗುಮಟೆಯ ಧ್ವನಿ. ನಮ್ಮ ಕರಾವಳಿಯ ಕೊಂಕಣಿ ಕ್ರಿಶ್ಚಿಯನ್ನರ ಹಾಡಿಗೆ ಬಡಿಯುವ ಮಣ್ಣಿನ ವಾದ್ಯ ಅದು. ಮಡಕೆಯ ದೊಡ್ಡ ಬಾಯಿಗೆ ಚರ್ಮ ಬಿಗಿದಿರುತ್ತದೆ, ಇನ್ನೊಂದು ಕಡೆಯ ಚಿಕ್ಕ ಬಾಯಿಯನ್ನು ಅಂಗೈಯಿಂದ ಮುಚ್ಚಿ ತೆರೆದರೆ ಧ್ವನಿ ಹೊಟ್ಟೆಯೊಳಗಿಂದ ಬಂದ ಹಾಗೆ ಉಬ್ಬಿ ಇಳಿಯುತ್ತದೆ. ಊರಿಂದ ತರಿಸೋಣವೆಂದರೆ ಮಣ್ಣು, ಚರ್ಮ ಎರಡೂ ಏರ್‌ಪೋರ್ಟಿನಲ್ಲಿ ನೂರು ಪ್ರಶ್ನೆ ಹುಟ್ಟಿಸುವ ವಸ್ತುಗಳು.

"ಇಲ್ಲಿ ಹೂವಿನ ಕುಂಡ ಸಿಗುವುದಿಲ್ಲವಾ?" ಎಂದಳು ಅಮ್ಮ. ನಾವು ಮನೆಯಲ್ಲಿ ಮಾತಾಡುವುದು ಕೊಂಕಣಿ. ಅವಳ ಮಾತನ್ನು ನಾನು ಮಂಗಳೂರು ಕನ್ನಡಕ್ಕೆ ತಿರುಗಿಸಿ ಬರೆಯುತ್ತಿದ್ದೇನೆ. "ಕೆಳಗೆ ನೀರು ಹೋಗಲಿಕ್ಕೆ ತೂತು ಹೇಗೂ ಉಂಟು. ಅದನ್ನೇ ದೊಡ್ಡದು ಮಾಡಿದರೆ ಆಯ್ತು."

ಶನಿವಾರ ಬೆಳಿಗ್ಗೆ ಕೆಲ್ಲಿವಿಲ್ ಕಡೆಯ ಒಂದು ನರ್ಸರಿಗೆ ಹೋದೆವು. ಅಮ್ಮ ಸಾಲಿನಲ್ಲಿಟ್ಟಿದ್ದ ಟೆರಾಕೋಟಾ ಕುಂಡಗಳನ್ನು ಒಂದೊಂದಾಗಿ ಎತ್ತಿ, ಬೆರಳ ಗೆಣ್ಣಿನಿಂದ ತಟ್ಟಿ, ಕಿವಿಗೆ ಹಿಡಿದು, ತಲೆಯಾಡಿಸಿ ಕೆಳಗಿಟ್ಟಳು. ಕೆಲಸದ ಹುಡುಗಿಯೊಬ್ಬಳು ಬಂದು ಯಾವ ಗಿಡಕ್ಕೆ ಬೇಕೆಂದು ಕೇಳಿದಳು.

"ಗಿಡಕ್ಕಲ್ಲ. ಕುಂಗ್‌ಫುಗೆ," ಎಂದೆ.

ಅವಳು ಸೌಜನ್ಯದಿಂದ, "ಒಳ್ಳೆಯದು, ಆ ಕಡೆ ಇನ್ನೂ ದಪ್ಪ ಇರೋವು ಇವೆ," ಎಂದು ತೋರಿಸಿ ಹೋದಳು.

ಮೊದಲ ಕುಂಡಕ್ಕೆ ನನ್ನ ಗಂಡ ಡ್ರಿಲ್ ಹಿಡಿದ ಕೂಡಲೇ ಅದು ಎರಡು ಹೋಳಾಯಿತು. ಎರಡನೆಯದೂ ಅಷ್ಟೆ. ಮೂರನೆಯದನ್ನು ನೀರಲ್ಲಿ ನೆನೆಸಿ, ಮರಳು ಕಾಗದದಿಂದ ನಿಧಾನಕ್ಕೆ ಉಜ್ಜಿ ತೂತನ್ನು ಅಗಲ ಮಾಡಿದರು. ಡ್ರಮ್ ರಿಪೇರಿ ಮಾಡುವ ಅಂಗಡಿಯೊಂದರಿಂದ ಆಡಿನ ಚರ್ಮ ತಂದು ಬಿಗಿದೆವು. ಊರಿನ ಗುಮಟೆಯಷ್ಟು ಗಂಭೀರವಾಗಿ ಅದು ನುಡಿಯಲಿಲ್ಲ, ಸ್ವಲ್ಪ ತೊದಲುತ್ತಿತ್ತು. ನನಗೆ ಆ ತೊದಲೇ ಇಷ್ಟವಾಯಿತು.

ಅದನ್ನು ಹಿಡಿದುಕೊಂಡು ಹೊಡೆದಾಟದ ದೃಶ್ಯಕ್ಕೆ ಕೂತೆ. ಪ್ರತಿಯೊಂದು ಗುದ್ದಿಗೂ ಒಂದು ಪೆಟ್ಟು, ಪ್ರತಿ ಒದೆತಕ್ಕೂ ಎರಡು. ನಿರ್ದೇಶಕಿಗೆ ಗುಮಟೆ ಬಹಳ ಹಿಡಿಸಿತು. ಆದರೂ ಏನೋ ಸರಿಯಿಲ್ಲ, ನೀವೊಮ್ಮೆ ಮೆಲ್ಬರ್ನ್‌ಗೆ ಬಂದು ಹೊಡೆದಾಟವನ್ನು ಕಣ್ಣಾರೆ ನೋಡಿ ಎಂದಳು. ಲಾಂಗ್ ವೀಕೆಂಡ್ ನೋಡಿಕೊಂಡು ಒಬ್ಬಳೇ ಹೋದೆ.

ಶೂಟಿಂಗ್ ನಡೆಯುತ್ತಿದ್ದದ್ದು ಸ್ಪ್ರಿಂಗ್‌ವೇಲ್ ಕಡೆ, ಮುಚ್ಚಿದ್ದ ಒಂದು ಫರ್ನಿಚರ್ ಷೋರೂಮಿನಲ್ಲಿ. ಒಳಗೆ ಬಿದಿರಿನ ತಡಿಕೆ ನಿಲ್ಲಿಸಿ ಹಳೆಯ ಕಾಲದ ಗರಡಿಮನೆ ಮಾಡಿದ್ದರು. ಕೋಲು ಹಿಡಿದು ಮಧ್ಯದಲ್ಲಿ ನಿಂತಿದ್ದ ಮುದುಕ ಗುರುವಿನ ಪಾತ್ರಧಾರಿ ನಿರ್ದೇಶಕಿಯ ಅಪ್ಪನೇ. ಹಾಂಗ್‌ಕಾಂಗ್‌ನಲ್ಲಿ ಯೌವನವಿಡೀ ಸಿನಿಮಾಗಳಲ್ಲಿ ಹೀರೋಗಳ ಬದಲಿಗೆ ಮಾಳಿಗೆಯಿಂದ ಬಿದ್ದವರು, ಕಿಟಕಿ ಒಡೆದುಕೊಂಡು ಹಾರಿದವರು. ಈಗ ಎಪ್ಪತ್ತು ದಾಟಿದೆ. ಜೀವಮಾನದಲ್ಲಿ ಮೊದಲ ಸಲ ಅವರ ಮುಖ ಕ್ಯಾಮೆರಾಕ್ಕೆ ಕಾಣುವ ಪಾತ್ರ; ಅದನ್ನು ಮಗಳು ಅವರಿಗೆಂದೇ ಬರೆದಿದ್ದಳು. ಕಥೆ ಸರಳ. ಗುರುವೊಬ್ಬನ ಹಳೆಯ ಶಿಷ್ಯ ದೊಡ್ಡವನಾಗಿ ಬಂದು ಗರಡಿಯ ಕೋಲನ್ನು ತನಗೆ ಕೊಡು ಎನ್ನುತ್ತಾನೆ. ಗುರುವಿಗೆ ಕೊಡಲು ಮನಸ್ಸಿಲ್ಲ. ಇಬ್ಬರೂ ಕಾದಾಡುತ್ತಾರೆ.

ವಿರಾಮದಲ್ಲಿ ಅವರ ಮುಂದೆ ಲ್ಯಾಪ್‌ಟಾಪ್ ಇಟ್ಟು ನನ್ನ ಸಂಗೀತ ಕೇಳಿಸಿದೆ. ಅವರು ಕೊನೆಯವರೆಗೂ ನೋಡಿ ಮಗಳ ಕಡೆ ತಿರುಗಿ ಏನೋ ಹೇಳಿದರು. ಅವಳು ನಗು ತಡೆದುಕೊಂಡು ಇಂಗ್ಲಿಷಿಗೆ ತಿರುಗಿಸಿದಳು.

"ಡ್ರಮ್ ಚೆನ್ನಾಗಿದೆಯಂತೆ. ಆದ್ರೆ ಅಪ್ಪ ಯಾವಾಗ ಹೊಡೀತಾರೆ ಅಂತ ಅದು ಎದುರಾಳಿಗೆ ಮೊದಲೇ ಹೇಳಿಬಿಡುತ್ತಂತೆ. ಅಂಥವರ ಜೊತೆ ಅವರು ಕೆಲಸ ಮಾಡೋದಿಲ್ಲವಂತೆ."

ಎಲ್ಲರೂ ನಕ್ಕರು. ನಾನೂ ನಕ್ಕೆ, ಆದರೆ ಮಾತು ಒಳಗೆ ಇಳಿಯಿತು. ಆ ದಿನವೆಲ್ಲ ಷೋರೂಮಿನ ಮೂಲೆಯ ಸ್ಟೂಲಿನಲ್ಲಿ ಕೂತು ಅವರಿಬ್ಬರ ಕಾಲು ನೋಡಿದೆ. ಗುದ್ದು ಬೀಳುವ ಕ್ಷಣದಲ್ಲಿ ನಿಜಕ್ಕೂ ಏನೂ ಇರಲಿಲ್ಲ, ಅದು ಮುಗಿದ ಮಾತು. ಅದಕ್ಕೆ ಮೊದಲು ಹಿಮ್ಮಡಿ ನೆಲ ಹಿಡಿಯುವುದು, ಭಾರ ಈ ಕಾಲಿಂದ ಆ ಕಾಲಿಗೆ ಜಾರುವುದು, ಬರುತ್ತೇನೆಂದು ತೋರಿಸಿ ಬಾರದಿರುವುದು, ಮಾತೆಲ್ಲ ಅಲ್ಲಿತ್ತು. ಇಗರ್ಜಿಯಲ್ಲಿ ಇಷ್ಟು ವರ್ಷ ಮಾಡಿದ್ದೂ ಅದೇ. ಮದುಮಗಳು ಪೀಠದ ಹತ್ತಿರ ಬಂದು ನಿಂತಾಗ ನಾನು ಜಾಗಟೆ ಬಡಿದವಳಲ್ಲ. ಅವಳು ಹೊರಡುವ ಮೊದಲಿನ ಉಸಿರಿಗೆ ಸ್ವರ ಹಿಡಿದವಳು.

ಸಿಡ್ನಿಗೆ ಬಂದ ಮೇಲೆ ಕೆಲಸ ನೀರು ಕುಡಿದಷ್ಟು ಸಲೀಸಾಯಿತು. ಗುದ್ದುಗಳನ್ನು ಸೌಂಡ್ ಎಫೆಕ್ಟ್ಸ್ ಮಾಡುವವನಿಗೆ ಬಿಟ್ಟುಕೊಟ್ಟೆ. ಅವನು ಸೆಲರಿ ದಂಟು ಮುರಿದು, ಎಲೆಕೋಸಿಗೆ ಗುದ್ದಿ ಅದನ್ನೆಲ್ಲ ಮಾಡುತ್ತಾನೆ. ನಾನು ಕಾಲುಗಳ ಹಿಂದೆ ಹೋದೆ. ಒಂದೊಂದೇ ದೃಶ್ಯ ಒಪ್ಪಿಗೆಯಾಗುತ್ತಾ ಬಂತು. ಕಡೆಗೆ ಉಳಿದದ್ದು ಕೊನೆಯ ಕಾದಾಟ.

ಆ ದೃಶ್ಯದ ಶೂಟಿಂಗಿನಲ್ಲೇ ಒಂದು ತೊಂದರೆಯಾಗಿತ್ತು. ಕಾದಾಟದ ನಡುವೆ ನಿರ್ದೇಶಕಿಯ ಅಪ್ಪನ ಮೊಣಕಾಲು ಕೈಕೊಟ್ಟಿತ್ತು. ಅವರು ಬೀಳಲಿಲ್ಲ. ಕೋಲನ್ನು ನೆಲಕ್ಕೂರಿ, ಎದುರಿನವನನ್ನು ನೋಡುತ್ತಾ ಹಾಗೇ ನಿಂತರು. ಶಿಷ್ಯನ ಪಾತ್ರದ ಹುಡುಗನಿಗೂ ಏನು ಮಾಡಬೇಕೆಂದು ತಿಳಿಯದೆ ಅವನೂ ನಿಂತ. ಕ್ಯಾಮೆರಾ ಓಡುತ್ತಲೇ ಇತ್ತು. ಆಮೇಲೆ ಅವರನ್ನು ಕುರ್ಚಿಯಲ್ಲಿ ಕೂರಿಸಿ ಕರೆದುಕೊಂಡು ಹೋದರು. ಡಾಕ್ಟರು ವಾರಗಟ್ಟಲೆ ಹೊಡೆದಾಟ ಬೇಡವೆಂದರು. ಹೊಸದಾಗಿ ಶೂಟ್ ಮಾಡುವ ಹಾಗಿರಲಿಲ್ಲ. ಇದ್ದದ್ದರಲ್ಲೇ ಕತ್ತರಿಸಿ ಜೋಡಿಸಬೇಕು.

ನಿರ್ದೇಶಕಿ ಎರಡು ಕಟ್ ಕಳಿಸಿದಳು. ಒಂದರಲ್ಲಿ ಆ ನಿಂತ ಭಾಗ ಇರಲಿಲ್ಲ, ಇನ್ನೊಂದರಲ್ಲಿ ಇತ್ತು. "ಅಪ್ಪ ಅದನ್ನ ತೆಗಿ ಅಂತ ಹಠ ಮಾಡ್ತಿದ್ದಾರೆ," ಎಂದಳು. "ನನಗೆ ಮನಸ್ಸಿಲ್ಲ. ಆದ್ರೆ ನೋಡಿದವರಿಗೆ ಅದು ಕಾಲುನೋವಿನ ಮುದುಕ ಅಂತಾನೇ ಕಾಣುತ್ತೆ."

ಅವಳು ಹೇಳಿದ್ದು ನಿಜವಾಗಿತ್ತು. ಗುಮಟೆ ಹಾಕಿ ನೋಡಿದೆ, ಪಿಟೀಲು ಎಳೆದು ನೋಡಿದೆ, ಏನೂ ಇಲ್ಲದೆ ಬಿಟ್ಟು ನೋಡಿದೆ. ವಾದ್ಯ ಹಾಕಿದರೆ ನಾಟಕವಾಗುತ್ತಿತ್ತು. ಬಿಟ್ಟರೆ ಸೌಂಡ್ ಕೆಟ್ಟುಹೋದ ಹಾಗೆ ಕಾಣುತ್ತಿತ್ತು.

ಒಂದು ಭಾನುವಾರ ಮಧ್ಯಾಹ್ನ ಊಟವಾದ ಮೇಲೆ ಹಾಲ್‌ನ ಟಿವಿಯಲ್ಲಿ ಅದನ್ನೇ ಹಾಕಿಕೊಂಡು ಕೂತಿದ್ದೆ. ಅಮ್ಮ ಪಕ್ಕದಲ್ಲಿ ಬೀನ್ಸ್ ನಾರು ತೆಗೆಯುತ್ತಿದ್ದಳು. ಮೂರನೇ ಸಲ ಆ ಜಾಗ ಬಂದಾಗ ಅವಳ ಕೈ ನಿಂತಿತು.

"ಪಾಪ, ಇವರು ಕಾಯುತ್ತಾ ಇದ್ದಾರೆ," ಎಂದಳು.

"ಕಾಯುವುದಲ್ಲಮ್ಮ, ಅವರ ಮೊಣಕಾಲು ಹೋಗಿದೆ."

"ಮೊಣಕಾಲು ನನ್ನದೂ ಹೋಗಿದೆ. ಅದು ಬೇರೆ. ಮುಖ ನೋಡು ನೀನು. ಎದುರಿನವನು ಏನಾದರೂ ಹೇಳಲಿ ಅಂತ ಕಾಯುವುದು. ನಾವು ವೊವಿಯೊ ಹೇಳುವಾಗ ನಾನೊಂದು ಸಾಲು ಹೇಳಿ ನಿಲ್ಲುತ್ತೇನಲ್ಲ, ಉಳಿದವರು ಎತ್ತಿಕೊಳ್ಳುವ ತನಕ? ಅದೇ ತರಹ."

ವೊವಿಯೊ ಎಂದರೆ ನಮ್ಮಲ್ಲಿ ಮದುವೆಯ ಮುಂಚಿನ ದಿನ, ಮದುಮಕ್ಕಳಿಗೆ ತೆಂಗಿನಹಾಲು ಹಚ್ಚಿ ಮೀಯಿಸುವ ಶಾಸ್ತ್ರದಲ್ಲಿ ಹೆಂಗಸರು ಹೇಳುವ ಹಾಡು. ಹಿರಿಯಳೊಬ್ಬಳು ಒಂದು ಸಾಲನ್ನು ನಿಧಾನವಾಗಿ ಎಳೆದು ಹೇಳುತ್ತಾಳೆ, ಉಳಿದವರು ಹಿಂದಿನಿಂದ ಅದನ್ನೇ ಎತ್ತಿಕೊಳ್ಳುತ್ತಾರೆ. ಊರಿನಲ್ಲಿ ನಮ್ಮ ಕೇರಿಯ ಮದುವೆಗಳಿಗೆಲ್ಲ ಅಮ್ಮನನ್ನೇ ಕರೆಯುತ್ತಿದ್ದರು.

"ಒಂದು ಸಾಲು ಹೇಳಮ್ಮ," ಎಂದೆ.

"ಹೊಡೆದಾಟಕ್ಕಾ? ಇದು ಮದುವೆಮನೆಯ ಹಾಡು. ಮಂಗಳದ್ದು," ಎಂದು ಮತ್ತೆ ಬೀನ್ಸ್ ಹಿಡಿದಳು. ನಾನು ಒತ್ತಾಯ ಮಾಡಲಿಲ್ಲ. ಸ್ವಲ್ಪ ಹೊತ್ತಿನ ಮೇಲೆ ಅವಳೇ ಕೇಳಿದಳು. "ಕೊನೆಗೆ ಎಂತಾಗುತ್ತದೆ? ಯಾರು ಸಾಯುತ್ತಾರೆ?"

"ಯಾರೂ ಸಾಯುವುದಿಲ್ಲ. ಗುರು ಕೋಲನ್ನು ಶಿಷ್ಯನಿಗೆ ಕೊಟ್ಟುಬಿಡುತ್ತಾರೆ. ಅವನು ತೆಗೆದುಕೊಂಡು ಹೋಗುತ್ತಾನೆ."

"ಕೊಡುವ ಮನಸ್ಸು ಇಲ್ಲದೆ ಕೊಡುವುದಾ?"

"ಮನಸ್ಸಿಲ್ಲ. ಆದರೆ ಕೊಡುತ್ತಾರೆ."

"ಹಾಗಾದರೆ ಮದುವೆಯೇ ಅಲ್ಲವಾ ಅದು," ಎಂದಳು ಅಮ್ಮ. "ಮಗಳನ್ನು ಕಳಿಸಿಕೊಡುವ ಹಾಗೆ. ಆದರೆ ಹಳೆಯ ಸಾಲು ಬೇಡ. ಅದರಲ್ಲಿ ಹೂವು, ಉಂಗುರ ಎಲ್ಲ ಬರುತ್ತದೆ. ನಾನೇ ಬೇರೆ ಕಟ್ಟುತ್ತೇನೆ."

ಎರಡು ದಿನ ಅವಳು ನೀರು ಕಾಯಿಸುವಾಗ, ಬಟ್ಟೆ ಮಡಚುವಾಗ ಗುನುಗುತ್ತಿದ್ದಳು. ಕಟ್ಟಿದ್ದು ನಾಲ್ಕೇ ಸಾಲು. ಇಷ್ಟು ದಿನ ನನ್ನ ಅಂಗೈಯಲ್ಲಿ ಬೆಚ್ಚಗಿದ್ದೆ, ಈಗ ಆ ಕೈಗೆ ಹೋಗು. ಅಲ್ಲಿಯ ಬಿಸಿ ನಿನಗೆ ಹಿಡಿಸಲಿ. ನನ್ನ ಕೈ ಖಾಲಿಯಾಯಿತೆಂದು ಹಿಂದೆ ನೋಡಬೇಡ. ಖಾಲಿ ಕೈಯನ್ನೇ ಎತ್ತಿ ನಾನು ಹರಸುತ್ತೇನೆ. ಕೊಂಕಣಿಯಲ್ಲಿ ಅದು ಇದಕ್ಕಿಂತ ಮೃದುವಾಗಿದೆ.

ರೆಕಾರ್ಡಿಂಗ್ ಶನಿವಾರ ಮಧ್ಯಾಹ್ನ ಇಟ್ಟುಕೊಂಡೆವು. ಹಿಂದಿನಿಂದ ಎತ್ತಿಕೊಳ್ಳಲು ಇಗರ್ಜಿಯ ಕೆಲವು ಮಂಗಳೂರಿನ ಆಂಟಿಯರನ್ನು ಅಮ್ಮನೇ ಕರೆದಳು. ಗ್ಯಾರೇಜಿನಲ್ಲಿ ಮೈಕಿನ ಮುಂದೆ ಮಾತ್ರ ಹಾಡುವುದು, ಯಾರೂ ನೋಡುವುದಿಲ್ಲ ಎಂದು ಹೇಳಿದ್ದರೂ ಎಲ್ಲರೂ ರೇಷ್ಮೆ ಸೀರೆ ಉಟ್ಟು, ಒಬ್ಬೊಬ್ಬರೂ ಒಂದೊಂದು ಡಬ್ಬಿ ಹಿಡಿದು ಬಂದರು. ಹಂದಿಮಾಂಸ, ಇಡ್ಲಿಯಂಥ ಸಾನ್ನ, ಯಾರೋ ಕೇಕ್ ಕೂಡ. ಹಾಡು ಶುರುವಾಗುವಷ್ಟರಲ್ಲಿ ಪಕ್ಕದ ಮನೆಯವರು ಹುಲ್ಲು ಕತ್ತರಿಸುವ ಮೆಷಿನ್ ಚಾಲೂ ಮಾಡಿದರು. ನನ್ನ ಗಂಡ ಹೋಗಿ ಮಾತಾಡಿ, ಅವರನ್ನೇ ಕರೆದುಕೊಂಡು ಬಂದು ಕೇಕ್ ಕೊಟ್ಟು ಕೂರಿಸಿದರು.

ಅಮ್ಮ ಮೊದಲ ಸಾಲು ಹೇಳಿದಳು. ಅವಳ ಧ್ವನಿ ಈಗ ಮೊದಲಿನ ಹಾಗಿಲ್ಲ, ಮೇಲಿನ ಸ್ವರದಲ್ಲಿ ಸ್ವಲ್ಪ ಸೀಳುತ್ತದೆ. ಸಾಲಿನ ಕೊನೆಯಲ್ಲಿ ನಿಂತಳು. ಆಂಟಿಯರು ಕಾದರು, ಅವಳ ಕಣ್ಣಿನ ಸನ್ನೆ ನೋಡಿ ಒಟ್ಟಿಗೆ ಎತ್ತಿಕೊಂಡರು. ಹೆಡ್‌ಫೋನ್ ಹಾಕಿಕೊಂಡಿದ್ದ ನಾನು ಪರದೆಯ ಮೇಲೆ ಕೋಲೂರಿ ನಿಂತಿದ್ದ ಮುದುಕರನ್ನು ನೋಡುತ್ತಿದ್ದೆ. ಅವರು ಈಗ ಕಾಲುನೋವಿನವರ ಹಾಗೆ ಕಾಣುತ್ತಿರಲಿಲ್ಲ.

ಇದನ್ನು ಕೇಳಿಸಲು ಮೆಲ್ಬರ್ನ್‌ಗೆ ಹೋಗುವಾಗ ಅಮ್ಮನನ್ನೂ ಕರೆದುಕೊಂಡು ಹೋದೆ. ಬೆಳಿಗ್ಗೆ ಬಿಸಿಲು, ಟ್ರ್ಯಾಮ್ ಹತ್ತುವಾಗ ಮಳೆ, ಇಳಿಯುವಾಗ ಚಳಿಗಾಳಿ. "ಈ ಊರಿಗೆ ಒಂದು ನಿರ್ಧಾರ ಇಲ್ಲ," ಎಂದಳು ಅಮ್ಮ, ಶಾಲನ್ನು ಒಂದು ಸುತ್ತು ಹೆಚ್ಚು ಸುತ್ತಿಕೊಂಡು.

ಎಡಿಟಿಂಗ್ ರೂಮು ಬಾಕ್ಸ್ ಹಿಲ್‌ನಲ್ಲಿ, ಒಂದು ಬೇಕರಿಯ ಮೇಲಿನ ಮಹಡಿಯಲ್ಲಿ. ನಿರ್ದೇಶಕಿಯ ಅಪ್ಪ ಮೊಣಕಾಲಿಗೆ ಪಟ್ಟಿ ಕಟ್ಟಿಕೊಂಡು ಆಗಲೇ ಬಂದು ಕೂತಿದ್ದರು. ಮುಖ ಗಂಟಿಕ್ಕಿತ್ತು. ನಾವು ಕೂರುವ ಮೊದಲೇ ಮಗಳಿಗೆ ಹೇಳಬೇಕಾದ್ದನ್ನು ಹೇಳಿ ಮುಗಿಸಿದರು. ಅವಳು ನಮಗಾಗಿ ತಿರುಗಿಸಿದಳು.

"ಆ ಜಾಗ ತೆಗೀದಿದ್ರೆ ಸಿನಿಮಾ ನೋಡೋಕೆ ಬರಲ್ಲ ಅಂತಿದ್ದಾರೆ. ಇಷ್ಟು ವರ್ಷ ನೋವಾದ್ರೂ ಕ್ಯಾಮೆರಾಕ್ಕೆ ಗೊತ್ತಾಗದ ಹಾಗೆ ಬಿದ್ದವನು ನಾನು, ಮುಖ ತೋರಿಸಿದ ಒಂದೇ ಸಿನಿಮಾದಲ್ಲಿ ನೋವು ತೋರಿಸಲಾ ಅಂತ."

ಅವರ ಮಾತಿನಲ್ಲಿ ನ್ಯಾಯವಿತ್ತು. ನಿರ್ದೇಶಕಿ, "ಒಂದು ಸಲ ನೋಡಿ, ಆಮೇಲೆ ನೀವು ಹೇಳಿದ ಹಾಗೆ," ಎಂದು ದೀಪ ಆರಿಸಿದಳು.

ಕಾದಾಟ ಶುರುವಾಯಿತು. ಗುಮಟೆ ಕಾಲುಗಳ ಕೆಳಗೆ ಓಡಿತು. ಕೋಲು ನೆಲಕ್ಕೂರಿದ ಕೂಡಲೇ ಗುಮಟೆ ನಿಂತು ಅಮ್ಮನ ಧ್ವನಿ ಬಂತು. ನಾನು ಪರದೆ ನೋಡಲಿಲ್ಲ, ಅವರನ್ನೇ ನೋಡುತ್ತಿದ್ದೆ. ಮೊದಲ ಸಾಲು ಮುಗಿಯುವಾಗ ಅವರ ಹುಬ್ಬು ಸಡಿಲವಾಯಿತು. ಆಂಟಿಯರು ಎತ್ತಿಕೊಳ್ಳುವಾಗ ಅವರು ಕುರ್ಚಿಯಲ್ಲಿ ಸ್ವಲ್ಪ ಮುಂದಕ್ಕೆ ಬಂದರು. ಮುಗಿದ ಮೇಲೆ ಇನ್ನೊಮ್ಮೆ ಹಾಕೆಂದು ಬೆರಳು ತಿರುಗಿಸಿ ತೋರಿಸಿದರು. ಎರಡನೇ ಸಲ ನೋಡಿ, ಹಾಡಿದವರು ಯಾರೆಂದು ಕೇಳಿದರು.

ಅಮ್ಮ ಶಾಲೆಯಲ್ಲಿ ಹಾಜರಿ ಹೇಳುವವಳ ಹಾಗೆ ಕೈ ಎತ್ತಿದಳು.

ಅವರು ಕುರ್ಚಿಯ ಕೈ ಹಿಡಿದು ನಿಧಾನವಾಗಿ ಎದ್ದರು. ಮುಷ್ಟಿಯನ್ನು ಇನ್ನೊಂದು ಅಂಗೈಗೆ ಇಟ್ಟು ಅಮ್ಮನಿಗೆ ತಲೆಬಾಗಿದರು. ಅಮ್ಮನೂ ಎದ್ದು, ಮೊಣಕಾಲು ಹಿಡಿದುಕೊಂಡು, ಎರಡೂ ಕೈ ಮುಗಿದಳು. ನಿರ್ದೇಶಕಿ ಆ ಕಡೆ ತಿರುಗಿ ಕಂಪ್ಯೂಟರಿನಲ್ಲಿ ಏನೋ ಹುಡುಕುವವಳ ಹಾಗೆ ಮಾಡಿದಳು. ಕಣ್ಣು ಒರೆಸಿಕೊಂಡದ್ದು ನನಗೆ ಕಂಡಿತು.

"ಇರಲಿ ಅಂತೆ," ಎಂದಳು ಆಮೇಲೆ. "ಇನ್ನೂ ಸ್ವಲ್ಪ ಉದ್ದ ಮಾಡೋಕೆ ಆಗುತ್ತಾ ಅಂತ ಕೇಳ್ತಿದ್ದಾರೆ. ತಾನು ಇನ್ನೂ ಹೆಚ್ಚು ಹೊತ್ತು ನಿಂತಿದ್ದ ನೆನಪಂತೆ."

"ನಿಂತಿದ್ರಾ?"

"ಇಲ್ಲ. ಅದಾದ ಮೇಲೆ ಎಲ್ಲರಿಗೂ ಬೈತಾ ಇದ್ರು. ಅದನ್ನ ಹಾಕೋಕೆ ಆಗಲ್ಲ."

ಕೆಳಗಿನ ಬೇಕರಿಯಲ್ಲಿ ನಾಲ್ವರೂ ಚಹಾ ಕುಡಿದೆವು. ಅವರಿಗೂ ಅಮ್ಮನಿಗೂ ನಡುವೆ ಒಂದು ಭಾಷೆಯೂ ಇರಲಿಲ್ಲ. ಅವರು ತಮ್ಮ ಮೊಣಕಾಲ ಪಟ್ಟಿ ತೋರಿಸಿದರು, ಅಮ್ಮ ತಾನು ಹಚ್ಚುವ ತೈಲದ ಪುಟ್ಟ ಬಾಟಲಿಯನ್ನು ಬ್ಯಾಗಿನಿಂದ ತೆಗೆದು ಮೂಸಲು ಕೊಟ್ಟಳು. ಅವರು ಮೂಸಿ, ಮುಖ ಕಿವುಚಿ, ಬಾಟಲಿಯನ್ನು ಜೇಬಿಗೆ ಹಾಕಿಕೊಂಡರು.

ಸಿನಿಮಾ ಮೊದಲು ತೋರಿಸಿದ್ದು ಮೆಲ್ಬರ್ನ್‌ನ ಒಂದು ಸಣ್ಣ ಥಿಯೇಟರಿನಲ್ಲಿ, ಭಾನುವಾರದ ಮಧ್ಯಾಹ್ನದ ಆಟ. ಸೀಟೆಲ್ಲ ತುಂಬಿತ್ತು, ಹೆಚ್ಚಿನವರು ನಿರ್ದೇಶಕಿಯ ಅಪ್ಪನ ಕಾಲದ ಹಾಂಗ್‌ಕಾಂಗ್ ಮಂದಿ, ಅವರ ಮಕ್ಕಳು, ಮೊಮ್ಮಕ್ಕಳು. ನಮ್ಮ ಕಡೆಯಿಂದ ನಾನು, ಅಮ್ಮ, ನನ್ನ ಗಂಡ. ಹೊಡೆದಾಟ ಬಂದಾಗಲೆಲ್ಲ ಜನ ಚಪ್ಪಾಳೆ ತಟ್ಟುತ್ತಿದ್ದರು. ಕೊನೆಯ ಕಾದಾಟದಲ್ಲಿ ಅಮ್ಮನ ಧ್ವನಿ ಬಂದಾಗ ಥಿಯೇಟರು ಸುಮ್ಮನಾಯಿತು. ಪಾಪ್‌ಕಾರ್ನ್ ತಿನ್ನುವ ಸದ್ದೂ ಇರಲಿಲ್ಲ. ಅಮ್ಮ ನನ್ನ ಮುಂಗೈ ಹಿಡಿದಿದ್ದಳು. ಅವಳ ತುಟಿ ಸದ್ದಿಲ್ಲದೆ ಸಾಲುಗಳನ್ನು ಹೇಳುತ್ತಿತ್ತು.

ದೀಪ ಹತ್ತಿದ ಮೇಲೆ ಮುಂದಿನ ಸಾಲಿನಲ್ಲಿದ್ದ ವಯಸ್ಸಾದ ಚೀನೀ ಹೆಂಗಸೊಬ್ಬರು ತಿರುಗಿ, ಈ ಹಾಡು ಚೀನಾದ ಯಾವ ಪ್ರಾಂತ್ಯದ್ದು, ಭಾಷೆ ಗೊತ್ತಾಗಲಿಲ್ಲ ಎಂದು ಇಂಗ್ಲಿಷಿನಲ್ಲಿ ಕೇಳಿದರು.

"ಮಂಗಳೂರಿನದು," ಎಂದಳು ಅಮ್ಮ.

"ಅದು ದಕ್ಷಿಣದಲ್ಲಾ?"

"ಹೌದು, ದಕ್ಷಿಣದಲ್ಲೇ," ಎಂದಳು ಅಮ್ಮ. ಇಬ್ಬರಿಗೂ ಸಮಾಧಾನವಾಯಿತು.

ಅದಾದ ಮೇಲೆ ಇನ್ನೆರಡು ಸಿನಿಮಾ ಮಾಡಿದ್ದೇವೆ. ಇನ್ಶೂರೆನ್ಸ್ ಕೆಲಸ ಬಿಟ್ಟಿಲ್ಲ, ಬಿಡುವ ಯೋಚನೆಯೂ ಇಲ್ಲ. ನನ್ನ ಟೀಮಿನವರು ಯಾವುದಾದರೂ ಕಠಿಣ ಫೋನ್ ಕರೆ ಬಂದರೆ "ಇದು ನಿನ್ನ ಕುಂಗ್‌ಫು ಕೇಸು" ಎಂದು ನನ್ನ ಕಡೆ ತಳ್ಳುತ್ತಾರೆ. ಭಾನುವಾರ ಇಗರ್ಜಿಯಲ್ಲಿ ಪಾದ್ರಿಗಳು ಧೂಪಕ್ಕೆ ಹೋದವರು ತಡಮಾಡಿದರೆ ಹಾಡುವ ಕ್ವಾಯರ್‌ನ ಹುಡುಗಿಯರು ನನ್ನ ಕಡೆ ನೋಡಿ ಕಣ್ಣು ಮಿಟುಕಿಸುತ್ತಾರೆ.

ಮೂರನೆಯ ಚಿತ್ರದ ಮಾತು ನಡೆಯುತ್ತಿದ್ದಾಗ ಮೆಲ್ಬರ್ನ್‌ನಲ್ಲಿ ಒಟ್ಟಿಗೆ ಊಟಕ್ಕೆ ಕೂತಿದ್ದೆವು. ನಿರ್ದೇಶಕಿಯ ಅಪ್ಪ ಅಮ್ಮನ ತಟ್ಟೆಗೆ ಕೋಳಿಕಾಲು ಬಡಿಸುತ್ತಾ ಮಗಳಿಗೆ ಏನೋ ಹೇಳಿದರು. ಅವಳು ನನ್ನನ್ನು ಬಿಟ್ಟು ನೇರವಾಗಿ ಅಮ್ಮನನ್ನೇ ಕೇಳಿದಳು.

"ಆಂಟಿ, ಒಂದು ರೋಲ್ ಇದೆ. ಚಹಾ ಅಂಗಡಿಯ ಒಡತಿ. ಮಾಡ್ತೀರಾ ಅಂತ ಅಪ್ಪ ಕೇಳ್ತಿದ್ದಾರೆ."

"ಮಾತಾಡಲಿಕ್ಕೆ ಉಂಟಾ?" ಅಮ್ಮ ನನ್ನ ಕಡೆ ತಿರುಗಿ ಕೇಳಿದಳು. ನಾನು ಇಂಗ್ಲಿಷಿನಲ್ಲಿ ಮುಟ್ಟಿಸಿದೆ.

"ಮಾತಿಲ್ಲ. ಜಗಳ ಮಾಡೋಕೆ ಬಂದವನಿಗೆ ಪೊರಕೆಯಲ್ಲಿ ಒಂದು ಬಾರಿಸಬೇಕು."

ಅಮ್ಮ ಕೋಳಿಕಾಲು ತಿಂದು ಮುಗಿಸಿ, ಕೈ ಒರೆಸಿಕೊಂಡು, ಆಗಬಹುದು ಎಂದಳು.

ಶೂಟಿಂಗ್ ದಿನ ಪೊರಕೆ ಹಿಡಿಯುವುದನ್ನು ಹೇಳಿಕೊಡಲು ನಿರ್ದೇಶಕಿಯ ಅಪ್ಪನೇ ಬಂದರು. ಕಾಲು ಎಲ್ಲಿಡಬೇಕು, ಭಾರ ಯಾವ ಕಡೆ, ಪೊರಕೆ ಎಲ್ಲಿ ನಿಲ್ಲಬೇಕು. ಪೊರಕೆ ಮೈಗೆ ತಾಗಬಾರದು, ತಾಗಿದ ಹಾಗೆ ಕಾಣಬೇಕು ಎಂದು ಮೂರು ಸಲ ಮಾಡಿ ತೋರಿಸಿದರು. ಅಮ್ಮ ಗಮನವಿಟ್ಟು ನೋಡಿ ತಲೆಯಾಡಿಸಿದಳು. ಕ್ಯಾಮೆರಾ ಓಡಿದ ಕೂಡಲೇ ಪೊರಕೆಯ ಹಿಡಿಯಿಂದಲೇ ಜಗಳಗಂಟನ ಪಾತ್ರದ ದಾಂಡಿಗನ ಭುಜಕ್ಕೆ ಸರಿಯಾಗಿ ಒಂದು ಕೊಟ್ಟಳು. ಅವನು ನಿಜವಾಗಿಯೇ ಕೂಗಿ ಕೂತುಬಿಟ್ಟ. ನಾನು ಓಡಿ ಹೋಗಿ ಕ್ಷಮೆ ಕೇಳಿದೆ. ಅವನು ಭುಜ ಉಜ್ಜಿಕೊಳ್ಳುತ್ತಾ ನಕ್ಕು, ಪರವಾಗಿಲ್ಲ, ಟೇಕ್ ಚೆನ್ನಾಗಿ ಬಂದಿದೆ ಎಂದ.

ಆದರೆ ಫೋಕಸ್ ಸರಿಯಾಗಿರಲಿಲ್ಲವಂತೆ. ಕ್ಯಾಮೆರಾದವನು ತಲೆ ಕೆರೆದುಕೊಂಡು ಇನ್ನೊಂದು ಟೇಕ್ ಬೇಕೆಂದ. ಪೆಟ್ಟು ತಿಂದವನು ಎದ್ದು, ಅಂಗಿಯ ಒಳಗೆ ಒಂದು ದಪ್ಪ ಟವೆಲ್ ತುರುಕಿಕೊಂಡು ತನ್ನ ಜಾಗದಲ್ಲಿ ನಿಂತ. ಅಮ್ಮ ಸೆರಗು ಬಿಗಿದುಕೊಂಡು ಪೊರಕೆಯನ್ನು ಮತ್ತೆ ಕೈಗೆ ತೆಗೆದುಕೊಂಡಳು.